ಕಿತ್ತೂರು ರಾಣಿಯ ಹಿಂದೆ ನಿಂತ ಆ ಒಬ್ಬ ಮನುಷ್ಯ! ಯಾರು, ಹೇಳ್ರಿ ನೋಡೋಣ?

ಕಿತ್ತೂರು ಚೆನ್ನಮ್ಮ ಅಂದ ಕೂಡಲೇ ನಿಮ್ಮ ಕಣ್ಣ ಮುಂದೆ ಯಾರ ಮುಖ ಬರುತ್ತದೆ?

ಬೈಲಹೊಂಗಲದವರೇ, ಕಿತ್ತೂರಿನವರೇ, ಸವದತ್ತಿಯವರೇ, ರಾಮದುರ್ಗದವರೇ, ನಿಜ ಹೇಳಿ! ಬಿ. ಸರೋಜಾದೇವಿಯ ಮುಖ ತಾನೇ?

ಬಂದೇ ಬರುತ್ತದೆ! ಬರದೆ ಇನ್ನೇನು? ರಾಣಿಯ ಫೋಟೋ ಒಂದಾದರೂ ನಮ್ಮ ಹತ್ತಿರ ಇದೆಯೇ? ಇಲ್ಲ! ಇರಲು ಸಾಧ್ಯವೂ ಇಲ್ಲ! ಚೆನ್ನಮ್ಮ ತಾಯಿ ಬೈಲಹೊಂಗಲದ ಕೋಟೆಯ ಸೆರೆಯಲ್ಲಿ ಕೊನೆಯುಸಿರೆಳೆದದ್ದು 1829ರ ಫೆಬ್ರವರಿಯಲ್ಲಿ. ಪ್ಯಾರಿಸ್‌ನಲ್ಲಿ ಡಾಗೇರ್‌ನ ಫೋಟೋ ತೆಗೆಯುವ ವಿಧಾನ ಜಗತ್ತಿಗೆ ಗೊತ್ತಾದದ್ದು 1839ರಲ್ಲಿ. ಬರೋಬ್ಬರಿ ಹತ್ತು ವರ್ಷ ತಡ!

ಅಂದಮೇಲೆ ನಮ್ಮ ಮನಸ್ಸಿನಲ್ಲಿ ಓಡಾಡುವ ಆ ರಾಣಿ ಎಲ್ಲಿಂದ ಬಂದಳು? ಆ ಕಣ್ಣು, ಆ ಕತ್ತಿ, ಆ ಗತ್ತು?

1961ರಿಂದ ಬಂದಳು! 'ಕಿತ್ತೂರು ಚೆನ್ನಮ್ಮ' ಎಂಬ ಕಪ್ಪು-ಬಿಳುಪು ಸಿನಿಮಾದಿಂದ ಬಂದಳು! ಆಗ ಸರೋಜಾದೇವಿಗೆ ವಯಸ್ಸೆಷ್ಟು? ಇಪ್ಪತ್ತಮೂರು! ರಾಣಿಯ ಗಂಡ ಮಲ್ಲಸರ್ಜ ದೇಸಾಯಿಯಾಗಿ ನಿಂತವರು ರಾಜಕುಮಾರ್!

ಇದೆಲ್ಲ ನಿಮಗೆ ಗೊತ್ತು. ನನ್ನ ಪ್ರಶ್ನೆ ಬೇರೆ.

ಕ್ಯಾಮೆರಾದ ಈಚೆ ನಿಂತವರು ಯಾರು? ಆ ರಾಣಿ ಹೀಗೆ ನಿಲ್ಲಬೇಕು, ಹೀಗೆ ನೋಡಬೇಕು, ಹೀಗೆ ಕುದುರೆ ಏರಬೇಕು ಎಂದು ಕನಸು ಕಂಡವರು ಯಾರು? ಚಿತ್ರದ ನಿರ್ದೇಶಕರು ಯಾರು?

ಹೆಸರು ನಾಲಿಗೆಯ ತುದಿಗೆ ಬರುತ್ತಿಲ್ಲವೇ? ತಡೆಯಿರಿ, ಸುಳಿವು ಕೊಡುತ್ತೇನೆ!

ಮೊದಲ ಸುಳಿವು. ಅವರು ನಮ್ಮ ಕಡೆಯವರಲ್ಲ. ಬೆಳಗಾವಿಯೂ ಅಲ್ಲ, ಧಾರವಾಡವೂ ಅಲ್ಲ. ರಾಜ್ಯದ ಆ ತುದಿ! ಕಿತ್ತೂರಿನಿಂದ ಸುಮಾರು ಐನೂರು ಕಿಲೋಮೀಟರ್ ಆಚೆ, ಕೋಲಾರ ಜಿಲ್ಲೆಯ ಒಂದು ಸಣ್ಣ ಹಳ್ಳಿ!

ಎರಡನೇ ಸುಳಿವು. ಇಡೀ ತಮಿಳುನಾಡು ಎದೆ ತಟ್ಟಿಕೊಂಡು ಹೇಳುವ ಒಂದು ಸಿನಿಮಾ ಇದೆ. ಶಿವಾಜಿ ಗಣೇಶನ್ ಬ್ರಿಟಿಷರ ಮುಂದೆ ನಿಂತು ಗುಡುಗುವ 'ವೀರಪಾಂಡಿಯ ಕಟ್ಟಬೊಮ್ಮನ್'. ಅದರ ನಿರ್ದೇಶಕರೂ ಇವರೇ!

ಮೂರನೇ ಸುಳಿವು. ಮೇಲುಕೋಟೆಯಲ್ಲಿ ಹುಟ್ಟಿದ ಒಬ್ಬ ಹುಡುಗಿಯನ್ನು ಕನ್ನಡದ ನಾಯಕಿ ಮಾಡಿದವರು ಇವರು. ಆ ಹುಡುಗಿ ಮುಂದೆ ಒಂದು ರಾಜ್ಯವನ್ನೇ ಆಳಿದರು!

ನಾಲ್ಕನೇ ಸುಳಿವು. ಇವರು ಅರ್ಧಕ್ಕೆ ಬಿಟ್ಟುಹೋದ ಒಂದು ಚಿತ್ರವನ್ನು ಪೂರ್ತಿ ಮಾಡಿದವರು ಯಾರು ಗೊತ್ತೇ? ಆ ಚಿತ್ರ ತೆರೆಗೆ ಬರುವಷ್ಟರಲ್ಲಿ ಮುಖ್ಯಮಂತ್ರಿಯಾಗಿಬಿಟ್ಟಿದ್ದ ಮನುಷ್ಯ!

ಇನ್ನೂ ಹೊಳೆಯಲಿಲ್ಲವೇ? ಹೇಳಿಬಿಡುತ್ತೇನೆ!

ಬೂದಗೂರು ರಾಮಕೃಷ್ಣಯ್ಯ ಪಂತುಲು. ಬಿ.ಆರ್. ಪಂತುಲು!

ಹೌದು! ಒಬ್ಬರೇ! ಇಷ್ಟೂ ಒಬ್ಬರೇ!

ಈ ಮನುಷ್ಯನ ಬದುಕಿನ ದಾರಿ ಹಿಡಿದು ನಡೆಯುತ್ತ ಹೋದರೆ ಪ್ರತಿ ತಿರುವಿನಲ್ಲೂ ಒಂದು ಅಚ್ಚರಿ ಕಾದು ಕುಳಿತಿರುತ್ತದೆ. ಬನ್ನಿ, ನೀವೂ ನಡೆಯಿರಿ!

ಶುರು ಎಲ್ಲಿಂದ? 1936. ಮದರಾಸು. ಕನ್ನಡ ಮಾತಿನ ಚಿತ್ರಕ್ಕೆ ಆಗಿನ್ನೂ ಎರಡು ವರ್ಷ ವಯಸ್ಸು! ಎಚ್.ಎಲ್.ಎನ್. ಸಿಂಹ ಅವರು 'ಸಂಸಾರ ನೌಕೆ' ಎಂಬ ಚಿತ್ರ ಮಾಡುತ್ತಾರೆ. ದೇವರಿಲ್ಲ, ರಾಕ್ಷಸರಿಲ್ಲ, ಕಿರೀಟವಿಲ್ಲ. ನಮ್ಮ ನಿಮ್ಮ ಮನೆಯ ಕಥೆ! ಕನ್ನಡಕ್ಕೆ ಅದು ಹೊಸದೇ ಹೊಸದು!

ಅದರ ನಾಯಕ ಯಾರು? ಇದೇ ಪಂತುಲು! ನಾಯಕಿ? ಎಂ.ವಿ. ರಾಜಮ್ಮ!

ಈ ರಾಜಮ್ಮನ ಹೆಸರನ್ನು ಮರೆಯಬೇಡಿ. ಕನ್ನಡದ ಮೊದಲ ಮಹಿಳಾ ನಿರ್ಮಾಪಕಿ ಅವರು. 1943ರಲ್ಲಿ 'ರಾಧಾರಮಣ' ಚಿತ್ರಕ್ಕೆ ದುಡ್ಡು ಹಾಕಿದ ಗಟ್ಟಿಗಿತ್ತಿ! ಈಗ ನೋಡಿ ತಮಾಷೆ. 'ಸಂಸಾರ ನೌಕೆ' ಬಂದು ಇಪ್ಪತ್ತೈದು ವರ್ಷಕ್ಕೆ ಸರಿಯಾಗಿ, 1961ರಲ್ಲಿ, ಅದೇ ರಾಜಮ್ಮ ಕಿತ್ತೂರಿನ ಹಿರಿಯ ರಾಣಿ ರುದ್ರಮ್ಮನಾಗಿ ನಿಂತರು. ಎದುರಿಗೆ ನಿರ್ದೇಶಕರ ಜಾಗದಲ್ಲಿ ಪಂತುಲು! ಒಂದು ಕಾಲದ ನಾಯಕ-ನಾಯಕಿ, ಒಬ್ಬರು ಕ್ಯಾಮೆರಾದ ಆಚೆ, ಒಬ್ಬರು ಈಚೆ!

ನಟ ಪಂತುಲು ನಿರ್ದೇಶಕ ಪಂತುಲು ಆದದ್ದು ಯಾವಾಗ? ಮೊದಲು ನಿರ್ಮಾಪಕರಾದರು. ಪದ್ಮಿನಿ ಪಿಕ್ಚರ್ಸ್ ಎಂಬ ಬ್ಯಾನರ್ ಕಟ್ಟಿದರು. 1955ರಲ್ಲಿ 'ಮೊದಲ ತೇದಿ' ಬಂತು. 1957ರಲ್ಲಿ ಕನ್ನಡದ 'ರತ್ನಗಿರಿ ರಹಸ್ಯ'ಕ್ಕೆ ತಾವೇ ನಿರ್ದೇಶಕರಾದರು. ಅಲ್ಲಿಂದ ಮುಂದೆ ಹಿಡಿಯುವವರೇ ಇಲ್ಲ!

1958. 'ಸ್ಕೂಲ್ ಮಾಸ್ಟರ್'! ವಯಸ್ಸಾದ ಮೇಷ್ಟ್ರು, ವಯಸ್ಸಾದ ಅವರ ಹೆಂಡತಿ. ಬೆಳೆಸಿದ ಮಕ್ಕಳೇ ಇಬ್ಬರನ್ನೂ ಹಂಚಿಕೊಂಡು ಬೇರೆ ಬೇರೆ ಮಾಡುವ ಕಥೆ. ಮೇಷ್ಟ್ರ ಪಾತ್ರ ಮಾಡಿದವರು ಯಾರು? ಪಂತುಲು! ಹೆಂಡತಿಯ ಪಾತ್ರ? ಮತ್ತೆ ರಾಜಮ್ಮ!

ಆ ಕಥೆ ಕನ್ನಡದಲ್ಲಿ ಹುಟ್ಟಿ ಹಿಂದಿಗೆ ಹೋಯಿತು. ಮಲಯಾಳಕ್ಕೆ ಹೋಯಿತು. ತೆಲುಗಿಗೆ ಹೋಗಿ ಎನ್.ಟಿ. ರಾಮರಾವ್ ಅವರನ್ನೇ ಮೇಷ್ಟ್ರು ಮಾಡಿತು. ತಮಿಳಿಗೂ ಹೋಯಿತು! ಬೇರೆ ಭಾಷೆಯ ಚಿತ್ರಗಳನ್ನು ನಾವು ತಂದುಕೊಳ್ಳುತ್ತೇವೆ ಎಂದು ಕೊರಗುತ್ತೇವಲ್ಲ, ಐವತ್ತು ವರ್ಷಗಳ ಹಿಂದೆಯೇ ನಮ್ಮದೊಂದು ಕಥೆ ನಾಲ್ಕು ಭಾಷೆಗಳಿಗೆ ಹರಿದು ಹೋಗಿತ್ತು!

ಆ ಚಿತ್ರದಲ್ಲಿ ಪಂತುಲು ಅವರ ಕೈಕೆಳಗೆ ಸಹಾಯಕನಾಗಿ ಓಡಾಡುತ್ತಿದ್ದ ಒಬ್ಬ ಯುವಕನಿದ್ದ. ಯಾರಿರಬಹುದು? ಊಹಿಸಿ! 'ಬೆಳ್ಳಿಮೋಡ', 'ಗೆಜ್ಜೆಪೂಜೆ', 'ನಾಗರಹಾವು' ನೆನಪಿಗೆ ಬಂದವೇ?

ಪುಟ್ಟಣ್ಣ ಕಣಗಾಲ್! ಅವರೇ! ಪುಟ್ಟಣ್ಣನವರಿಗೆ ಸಿನಿಮಾ ಕಲಿಸಿದ ಶಾಲೆಯ ಮೇಷ್ಟ್ರು ಇದೇ ಪಂತುಲು!

ಈಗ ಉಸಿರು ಬಿಗಿಹಿಡಿಯಿರಿ. 1959ಕ್ಕೆ ಬಂದೆವು.

'ವೀರಪಾಂಡಿಯ ಕಟ್ಟಬೊಮ್ಮನ್'. ಕಂಪನಿ ಸರಕಾರಕ್ಕೆ ಕಪ್ಪ ಕೊಡುವುದಿಲ್ಲ ಎಂದು ಸಿಡಿದೆದ್ದ ಪಾಂಚಾಲಂಕುರಿಚಿಯ ಪಾಳೆಯಗಾರ. 1799ರಲ್ಲಿ ಅವನನ್ನು ಬ್ರಿಟಿಷರು ನೇಣಿಗೆ ಹಾಕಿದರು. ಈ ಕಥೆಗೆ ಪಂತುಲು ಬಣ್ಣ ಹಚ್ಚಬೇಕೆಂದು ಹೊರಟರು. ಗೇವಾಕಲರ್‌ನಲ್ಲಿ ಚಿತ್ರೀಕರಣ. ಆಮೇಲೆ ಅದನ್ನು ಟೆಕ್ನಿಕಲರ್‌ಗೆ ಏರಿಸಬೇಕು. ಅದಕ್ಕೆ ಎಲ್ಲಿಗೆ ಹೋಗಬೇಕಾಯಿತು?

ಲಂಡನ್ನಿಗೆ!

ಮೊದಲ ಪ್ರದರ್ಶನ ಆದದ್ದು ಎಲ್ಲಿ? ಅದೂ ಲಂಡನ್ನಿನಲ್ಲೇ! 1959ರ ಮೇ ತಿಂಗಳು! ಬ್ರಿಟಿಷರು ನೇಣು ಹಾಕಿದವನ ಕಥೆ, ಬ್ರಿಟಿಷರ ರಾಜಧಾನಿಯಲ್ಲೇ ಬಣ್ಣ ಪಡೆದು, ಅಲ್ಲೇ ಮೊದಲು ಬೆಳಗಿತು! ಇದಕ್ಕಿಂತ ಹೆಚ್ಚಿನ ಗೆಲುವು ಬೇಕೇ?

ಅಷ್ಟಕ್ಕೇ ನಿಲ್ಲಲಿಲ್ಲ. ಮರುವರ್ಷ ಕೈರೋದಲ್ಲಿ ನಡೆದ ಆಫ್ರೋ-ಏಷ್ಯನ್ ಚಿತ್ರೋತ್ಸವಕ್ಕೆ ಹೋಯಿತು. ಶಿವಾಜಿ ಗಣೇಶನ್ ಶ್ರೇಷ್ಠ ನಟ ಎನಿಸಿಕೊಂಡು ಬಂದರು! ಕೋಲಾರದ ಹಳ್ಳಿಯ ಮನುಷ್ಯ ನಿರ್ದೇಶಿಸಿದ ಚಿತ್ರಕ್ಕೆ ನೈಲ್ ನದಿಯ ದಂಡೆಯ ಮೇಲೆ ಮನ್ನಣೆ!

ಇನ್ನು ಬಂತು ನೋಡಿ ನಮ್ಮ ವರ್ಷ. 1961!

ಒಂದೇ ವರ್ಷದಲ್ಲಿ ಪಂತುಲು ಎರಡು ದೊಡ್ಡ ಚಿತ್ರಗಳನ್ನು ತೆರೆಗೆ ತಂದರು. ಒಂದು, ಬ್ರಿಟಿಷರ ಹಡಗುಗಳಿಗೆ ಎದುರಾಗಿ 1906ರಲ್ಲಿ ಸ್ವದೇಶಿ ಹಡಗು ಕಂಪನಿ ಕಟ್ಟಿದ ವಿ.ಓ. ಚಿದಂಬರಂ ಪಿಳ್ಳೆಯ ಕಥೆ. 'ಕಪ್ಪಲೋಟ್ಟಿಯ ತಮಿಳನ್'. ಇನ್ನೊಂದು?

ನಮ್ಮ ರಾಣಿ! ನಮ್ಮ ಕಿತ್ತೂರು!

ಬೆರಳು ಮಡಚಿ ಎಣಿಸಿ. ತಿರುನೆಲ್ವೇಲಿಯ ಸೀಮೆಯ ಪಾಳೆಯಗಾರ, ತೂತ್ತುಕುಡಿಯ ಹಡಗಿನ ಧಣಿ, ಕಿತ್ತೂರಿನ ರಾಣಿ. ಬ್ರಿಟಿಷರ ವಿರುದ್ಧ ಎದ್ದ ಮೂರು ಜೀವ, ಮೂರು ಕಾಲ, ಮೂರು ಸಿನಿಮಾ. ಮೂರಕ್ಕೂ ಒಬ್ಬರೇ ನಿರ್ದೇಶಕರು! ಎಷ್ಟು ವರ್ಷದಲ್ಲಿ? ಮೂರೇ ವರ್ಷದಲ್ಲಿ!

ದಕ್ಷಿಣ ಭಾರತದ ಬಂಡಾಯದ ಚರಿತ್ರೆಯನ್ನೇ ಒಬ್ಬ ಕನ್ನಡಿಗ ತೆರೆಯ ಮೇಲೆ ಬರೆದುಬಿಟ್ಟರು! ಇದನ್ನು ನಮ್ಮ ಶಾಲೆಗಳಲ್ಲಿ ಯಾರಾದರೂ ಹೇಳಿಕೊಟ್ಟರೇ?

ಪಂತುಲು ಕೈಗೆತ್ತಿಕೊಂಡ ಕಿತ್ತೂರಿನ ಕಥೆ ಎಂಥದು, ಒಂದು ಗಳಿಗೆ ನೋಡಿ. ನಮ್ಮ ನೆಲದ್ದೇ ಕಥೆ. ಆದರೂ ಬೆರಗಾಗುತ್ತೀರಿ!

1824ರ ಅಕ್ಟೋಬರ್ 23. ಧಾರವಾಡದ ಕಲೆಕ್ಟರ್ ಸೇಂಟ್ ಜಾನ್ ಥ್ಯಾಕರೆ ಕಿತ್ತೂರು ಕೋಟೆಯ ಬಾಗಿಲಿಗೆ ಬಂದ. ದತ್ತು ಮಗನನ್ನು ಒಪ್ಪುವುದಿಲ್ಲ, ಸಂಸ್ಥಾನ ಬಿಡಿ ಎಂದ. ಸಿಪಾಯಿ ದಂಗೆಗೆ ಇನ್ನೂ ಮೂವತ್ತಮೂರು ವರ್ಷ ಬಾಕಿ! ಝಾನ್ಸಿ ರಾಣಿ ಇನ್ನೂ ಹುಟ್ಟಿಲ್ಲ! ಆ ಹೊತ್ತಿಗೆ ಕಿತ್ತೂರಿನ ಬಾಗಿಲು ತೆರೆಯಿತು. ಕುದುರೆಗಳು ನುಗ್ಗಿದವು. ಥ್ಯಾಕರೆ ಬಿದ್ದ!

ಬೀಳಿಸಿದವರು ಯಾರು ಎಂದು ಬೈಲಹೊಂಗಲ ತಾಲ್ಲೂಕಿನ ಮಕ್ಕಳನ್ನು ಕೇಳಬೇಕೇ? ಅಮಟೂರು ಬಾಳಪ್ಪ! ನಮ್ಮ ಅಮಟೂರು!

ಇದು ನಿಮಗೆ ಗೊತ್ತಿರುವ ಮಾತು. ಗೊತ್ತಿಲ್ಲದ್ದು ಈಗ ಬರುತ್ತದೆ.

ಆ ಥ್ಯಾಕರೆಗೆ ಒಬ್ಬ ಅಣ್ಣನ ಮಗನಿದ್ದ. ಆಗ ಹದಿಮೂರು ವರ್ಷದ ಹುಡುಗ. ಹುಟ್ಟಿದ್ದು ಕಲ್ಕತ್ತೆಯಲ್ಲಿ, ಓದುತ್ತಿದ್ದದ್ದು ಇಂಗ್ಲೆಂಡಿನಲ್ಲಿ. ದೊಡ್ಡವನಾಗಿ ಏನಾದ?

ವಿಲಿಯಂ ಮೇಕ್‌ಪೀಸ್ ಥ್ಯಾಕರೆ! 'ವ್ಯಾನಿಟಿ ಫೇರ್' ಬರೆದ ಜಗತ್ಪ್ರಸಿದ್ಧ ಕಾದಂಬರಿಕಾರ! ಕಿತ್ತೂರಿನ ಅಂಗಳದಲ್ಲಿ ಸತ್ತ ಕಲೆಕ್ಟರ್ ಅವನ ಸ್ವಂತ ಚಿಕ್ಕಪ್ಪ!

ತಾಳಿ, ಸಿನಿಮಾದ ದಾರ ಇಲ್ಲೂ ಇದೆ! ಆ 'ವ್ಯಾನಿಟಿ ಫೇರ್' ಕಾದಂಬರಿ 1935ರಲ್ಲಿ 'ಬೆಕಿ ಶಾರ್ಪ್' ಎಂಬ ಸಿನಿಮಾ ಆಯಿತು. ಅದರ ಹೆಚ್ಚುಗಾರಿಕೆ ಏನು? ಮೂರು ಪಟ್ಟಿಯ ಟೆಕ್ನಿಕಲರ್‌ನಲ್ಲಿ ಮೊದಲಿಂದ ಕೊನೆಯವರೆಗೆ ತೆಗೆದ ಜಗತ್ತಿನ ಮೊಟ್ಟಮೊದಲ ಪೂರ್ಣ ಪ್ರಮಾಣದ ಕಥಾಚಿತ್ರ ಅದು!

ಕೂಡಿಸಿ ನೋಡಿ! ಅಣ್ಣನ ಮಗನ ಕಾದಂಬರಿ ಟೆಕ್ನಿಕಲರ್‌ಗೆ ಬಾಗಿಲು ತೆರೆಯಿತು. ಇಪ್ಪತ್ತನಾಲ್ಕು ವರ್ಷದ ಮೇಲೆ ಪಂತುಲು ಅದೇ ಟೆಕ್ನಿಕಲರ್ ಹುಡುಕಿಕೊಂಡು ಲಂಡನ್ನಿಗೆ ಹೋದರು, ಕಟ್ಟಬೊಮ್ಮನ್‌ಗಾಗಿ. ಅಲ್ಲಿಂದ ಎರಡು ವರ್ಷಕ್ಕೆ ಅದೇ ಪಂತುಲು ಚಿಕ್ಕಪ್ಪ ಸತ್ತ ಕಿತ್ತೂರಿನ ಯುದ್ಧವನ್ನು ಸಿನಿಮಾ ಮಾಡಿದರು! ಮೈ ಝುಂ ಅನ್ನುವುದಿಲ್ಲವೇ?

ಇನ್ನೊಂದು ಕೇಳಿ! ಥ್ಯಾಕರೆ ಬಿದ್ದ ಆ ದಿನ ಕಿತ್ತೂರಿನವರಿಗೆ ಇಬ್ಬರು ಬಿಳಿಯರು ಸೆರೆ ಸಿಕ್ಕರು. ಅವರಲ್ಲಿ ಒಬ್ಬ ಇಪ್ಪತ್ತೊಂದು ವರ್ಷದ ಹುಡುಗ, ವಾಲ್ಟರ್ ಎಲಿಯಟ್. ಅವನ ಕೂದಲೂ ಕೊಂಕಲಿಲ್ಲ. ಬಿಡುಗಡೆಯಾಗಿ ಹೋದ. ಮುಂದೆ ಏನು ಮಾಡಿದ?

ನಮ್ಮ ನಾಡಿನ ಶಾಸನಗಳ ಬೆನ್ನು ಹತ್ತಿದ! ಚಾಲುಕ್ಯರ, ರಟ್ಟರ ಕಾಲದ ನೂರಾರು ಕನ್ನಡ ಶಾಸನಗಳ ನಕಲು ಮಾಡಿಸಿದ! ಅಮರಾವತಿಯ ಶಿಲ್ಪಗಳನ್ನು ಅಗೆಸಿದ! ಕಿತ್ತೂರಿನಲ್ಲಿ ಅವನ ಜೀವ ಉಳಿಯದೆ ಹೋಗಿದ್ದರೆ ನಮ್ಮ ಇತಿಹಾಸದ ಎಷ್ಟು ಸಾಲುಗಳು ಓದುವವರಿಲ್ಲದೆ ಹೋಗುತ್ತಿದ್ದವೋ!

ಇಷ್ಟೆಲ್ಲ ತುಂಬಿಕೊಂಡ ನೆಲ ನಮ್ಮದು. ಆದರೆ 1961ಕ್ಕೆ ಮುಂಚೆ ಮೈಸೂರಿನವರಿಗೆ, ಕೋಲಾರದವರಿಗೆ ಚೆನ್ನಮ್ಮ ಎಷ್ಟು ಹತ್ತಿರವಿದ್ದಳು? ಲೆಕ್ಕ ಹಾಕಿ!

ರಾಮದುರ್ಗ 1948ರವರೆಗೆ ಬೇರೆಯೇ ಸಂಸ್ಥಾನ. ಬೈಲಹೊಂಗಲ, ಕಿತ್ತೂರು, ಸವದತ್ತಿ ಮುಂಬಯಿ ಪ್ರಾಂತಕ್ಕೆ ಸೇರಿದ್ದವು. 1956ರ ನವೆಂಬರ್ 1ರಂದು ಏಕೀಕರಣವಾಗಿ ನಾವೆಲ್ಲ ಒಂದೇ ರಾಜ್ಯದವರಾದೆವು. ಕಾಗದದ ಮೇಲೆ ಒಂದಾದೆವು. ಮನಸ್ಸು ಒಂದಾಗಲು?

ಐದೇ ವರ್ಷ! ಐದೇ ವರ್ಷದಲ್ಲಿ ಕೋಲಾರದ ನಿರ್ದೇಶಕ, ಬೆಂಗಳೂರಿನ ನಾಯಕಿ, ಗಾಜನೂರಿನ ನಾಯಕ ಒಟ್ಟಿಗೆ ನಿಂತು ನಮ್ಮ ಮಲಪ್ರಭೆಯ ಸೀಮೆಯ ರಾಣಿಯನ್ನು ಇಡೀ ಕನ್ನಡ ನಾಡಿನ ತಾಯಿ ಮಾಡಿಬಿಟ್ಟರು! ಏಕೀಕರಣದ ಹೋರಾಟಗಾರರು ಗಡಿ ಒಂದು ಮಾಡಿದರು. ಪಂತುಲು ಆ ಗಡಿಯೊಳಗಿನ ಟಾಕೀಸು, ಟೆಂಟುಗಳಲ್ಲಿ ಕುಳಿತವರ ಕಣ್ಣೀರು ಒಂದು ಮಾಡಿದರು!

ಆ ವರ್ಷದ ರಾಷ್ಟ್ರ ಪ್ರಶಸ್ತಿಗಳಲ್ಲಿ ಕನ್ನಡದಿಂದ ಮನ್ನಣೆ ಪಡೆದ ಚಿತ್ರ ಯಾವುದು? ಬೇರೆ ಹೇಳಬೇಕೇ? 'ಕಿತ್ತೂರು ಚೆನ್ನಮ್ಮ'!

ಇಂಥ ಒಂದು ಚಿತ್ರ ಕಟ್ಟುವುದು ಎಷ್ಟು ದೊಡ್ಡ ಕೆಲಸ, ಊಹೆ ಇದೆಯೇ? ಒಂದು ಸಣ್ಣ ಲೆಕ್ಕ ಮಾಡೋಣ. ಮೊಬೈಲಿನ ಕಾಲದವರಿಗೆ ನಂಬಲು ಕಷ್ಟ!

ಆಗ ಸಿನಿಮಾ ಅಂದರೆ ಫಿಲ್ಮ್ ಸುರುಳಿ. ಕೈಯಲ್ಲಿ ಹಿಡಿಯಬಹುದಾದ ಪಟ್ಟಿ. ಒಂದು ಸೆಕೆಂಡಿಗೆ ಇಪ್ಪತ್ತನಾಲ್ಕು ಚಿತ್ರಗಳು. ಒಂದು ನಿಮಿಷಕ್ಕೆ ತೊಂಬತ್ತು ಅಡಿ. ಎರಡೂವರೆ ತಾಸಿನ ಚಿತ್ರಕ್ಕೆ ಎಷ್ಟು ಉದ್ದದ ಫಿಲ್ಮ್ ಬೇಕು?

ಒಂದು ಫರ್ಲಾಂಗು ಅಂದಿರಾ? ತಪ್ಪು! ಒಂದು ಕಿಲೋಮೀಟರ್? ಅದೂ ತಪ್ಪು!

ನಾಲ್ಕು ಕಿಲೋಮೀಟರಿಗೂ ಹೆಚ್ಚು! ಹದಿಮೂರು ಸಾವಿರದ ಐನೂರು ಅಡಿ! ಅದರೊಳಗೆ ಎಷ್ಟು ಬಿಡಿ ಚಿತ್ರಗಳು? ಎರಡು ಲಕ್ಷದ ಹದಿನಾರು ಸಾವಿರ!

ಇದು ಉಳಿದ ಫಿಲ್ಮಿನ ಲೆಕ್ಕ. ತೆಗೆದದ್ದು ಇದರ ಎಷ್ಟೋ ಪಟ್ಟು. ಅದನ್ನೆಲ್ಲ ಮೇಜಿನ ಮೇಲೆ ಹಾಕಿಕೊಂಡು, ಕಣ್ಣು ಕಿರಿದು ಮಾಡಿ ನೋಡಿ, ಕತ್ತರಿಸಿ, ಅಂಟಿಸಿ, ಮತ್ತೆ ನೋಡಿ, ಮತ್ತೆ ಕತ್ತರಿಸಿ ಕಥೆ ಕಟ್ಟುವವನೇ ಸಂಕಲನಕಾರ. ಕತ್ತಿ ಎತ್ತಿದ ಕೈ ಒಂದು ದಿನ ತೆಗೆದದ್ದು. ಬಿದ್ದ ಸಿಪಾಯಿ ಮತ್ತೊಂದು ದಿನ ತೆಗೆದದ್ದು. ಎರಡೂ ಸೇರಿದ ಜಾಗದಲ್ಲಿ ಯುದ್ಧ ಹುಟ್ಟುತ್ತದೆ! ಅರ್ಧ ಸೆಕೆಂಡು ಹೆಚ್ಚಾದರೆ ಏಟಿನ ಬಿಸಿ ಆರಿಹೋಗುತ್ತದೆ!

ಪಂತುಲು ಅವರ 'ಕಟ್ಟಬೊಮ್ಮನ್', 'ಕರ್ಣನ್' ಎರಡಕ್ಕೂ ಆ ಮೇಜಿನ ಮುಂದೆ ಕುಳಿತವರು ಆರ್. ದೇವರಾಜನ್. ರಣರಂಗದ ಗದ್ದಲವನ್ನೆಲ್ಲ ಕತ್ತರಿಯ ಬಾಯಲ್ಲಿ ಪಳಗಿಸಿದ ಮನುಷ್ಯ! ಅವರ ಮುಖ ನೀವು ನೋಡಿದ್ದೀರಾ? ಅವರ ಹೆಸರು ಕೇಳಿದ್ದೀರಾ? ಇವತ್ತು ಕೇಳಿದಿರಿ. ಮರೆಯಬೇಡಿ!

'ಕರ್ಣನ್' ಅಂದೆನಲ್ಲ. ಅದರ ಕಥೆ ಕೇಳಿದರೆ ಕುರ್ಚಿಯಿಂದ ಏಳುತ್ತೀರಿ!

1964ರ ಸಂಕ್ರಾಂತಿಗೆ ಬಂದ ಬಣ್ಣದ ಚಿತ್ರ. ಶಿವಾಜಿ ಗಣೇಶನ್ ಕರ್ಣ. ಎನ್.ಟಿ. ರಾಮರಾವ್ ಕೃಷ್ಣ. ಕುರುಕ್ಷೇತ್ರ ಯುದ್ಧವನ್ನು ಎಲ್ಲಿ ಚಿತ್ರೀಕರಿಸಿದರು? ಮದರಾಸಿನ ಯಾವುದೋ ಬಯಲಲ್ಲಿ ಅಂದುಕೊಂಡಿರಾ?

ಕುರುಕ್ಷೇತ್ರದಲ್ಲೇ! ಸಾಕ್ಷಾತ್ ಕುರುಕ್ಷೇತ್ರದಲ್ಲಿ! ಆನೆ, ಕುದುರೆ, ರಥಗಳನ್ನೆಲ್ಲ ಕಟ್ಟಿಕೊಂಡು ಮಹಾಭಾರತದ ನೆಲಕ್ಕೇ ಹೋದರು!

ಅದಲ್ಲ ದೊಡ್ಡ ಅಚ್ಚರಿ. 2012ರಲ್ಲಿ ಆ ಹಳೆಯ ಚಿತ್ರವನ್ನು ತೊಳೆದು, ಒರೆಸಿ, ಡಿಜಿಟಲ್ ಮಾಡಿ ಮತ್ತೆ ತೆರೆಗೆ ಬಿಟ್ಟರು. ನಲವತ್ತೆಂಟು ವರ್ಷ ಹಳೆಯ ಸಿನಿಮಾ! ಎಷ್ಟು ದಿನ ಓಡಿರಬಹುದು? ಒಂದು ವಾರ? ಎರಡು ವಾರ?

ನೂರು ದಿನ ದಾಟಿತು! ಮಲ್ಟಿಪ್ಲೆಕ್ಸುಗಳಲ್ಲಿ! ನಿರ್ದೇಶಕ ತೀರಿಕೊಂಡು ಮೂವತ್ತೆಂಟು ವರ್ಷವಾದ ಮೇಲೆ, ಹೊಸ ಚಿತ್ರಗಳಿಗೆ ಸೆಡ್ಡು ಹೊಡೆದು ನೂರು ದಿನ!

ಅದೇ 2012ರಲ್ಲಿ ನಮ್ಮ ಕಡೆ ಏನಾಯಿತು ನೆನಪಿದೆಯೇ? ದರ್ಶನ್ ಅಭಿನಯದ 'ಕ್ರಾಂತಿವೀರ ಸಂಗೊಳ್ಳಿ ರಾಯಣ್ಣ' ಬಂತು. ನಿರ್ದೇಶನ ನಾಗಣ್ಣ. ಚೆನ್ನಮ್ಮನಾಗಿ ಜಯಪ್ರದಾ. ಸಂಗೊಳ್ಳಿ ಅಂದರೆ ಎಲ್ಲಿ? ಬೈಲಹೊಂಗಲ ತಾಲ್ಲೂಕು! ಅರ್ಧ ಶತಮಾನದ ಹಿಂದೆ ಪಂತುಲು ತುಳಿದ ದಾರಿಯಲ್ಲೇ ಇನ್ನೊಂದು ರಥ ಹೊರಟಿತು. ಅದೇ ವರ್ಷ ತಮಿಳುನಾಡಿನಲ್ಲಿ ಪಂತುಲು ಅವರ ಹಳೆಯ ರಥವೂ ಓಡುತ್ತಿತ್ತು!

ಈಗ ಮೂರನೇ ಸುಳಿವಿಗೆ ಬರೋಣ. ಮೇಲುಕೋಟೆಯ ಆ ಹುಡುಗಿ!

1964. ಪಂತುಲು 'ಚಿನ್ನದ ಗೊಂಬೆ' ಮಾಡುತ್ತಾರೆ. ನಾಯಕ ಕಲ್ಯಾಣ್ ಕುಮಾರ್. ನಾಯಕಿಯಾಗಿ ಹದಿನಾರು ವರ್ಷದ ಹೊಸ ಹುಡುಗಿ. ಹೆಸರು?

ಜಯಲಲಿತಾ!

ಹೌದು, ಅವರೇ! ಮರುವರ್ಷ, 1965ರಲ್ಲಿ, ಪಂತುಲು ತಮಿಳಿನಲ್ಲಿ 'ಆಯಿರತ್ತಿಲ್ ಒರುವನ್' ಮಾಡಿದರು. ಕಡಲು, ಹಡಗು, ಗುಲಾಮರ ದಂಗೆ! ನಾಯಕ ಎಂ.ಜಿ. ರಾಮಚಂದ್ರನ್. ನಾಯಕಿ? ಇದೇ ಜಯಲಲಿತಾ! ಆ ಜೋಡಿ ಮೊದಲ ಸಲ ಒಟ್ಟಿಗೆ ನಿಂತದ್ದು ಪಂತುಲು ಅವರ ಕ್ಯಾಮೆರಾದ ಮುಂದೆ!

ಆಮೇಲೆ ಆ ಜೋಡಿ ಎಷ್ಟು ಚಿತ್ರ ಮಾಡಿತು? ಇಪ್ಪತ್ತೆಂಟು! ಆಮೇಲೆ? 1977ರಲ್ಲಿ ಅವರು ಮುಖ್ಯಮಂತ್ರಿ. 1991ರಲ್ಲಿ ಇವರು ಮುಖ್ಯಮಂತ್ರಿ! ಒಬ್ಬ ಕನ್ನಡ ನಿರ್ದೇಶಕ ಮಾಡಿದ ಪಾತ್ರಗಳ ಆಯ್ಕೆ, ಒಂದು ರಾಜ್ಯದ ಮುಂದಿನ ಐವತ್ತು ವರ್ಷಗಳ ರಾಜಕೀಯಕ್ಕೆ ಮುನ್ನುಡಿಯಾಯಿತು! ಆ ದಿನ ಸೆಟ್ಟಿನಲ್ಲಿ ದೀಪ ಹಿಡಿದು ನಿಂತವರಿಗೆ ಇದು ಗೊತ್ತಿತ್ತೇ?

ತಮಿಳಿನಲ್ಲಿ ಇಷ್ಟು ಎತ್ತರಕ್ಕೆ ಹೋದವರು ಕನ್ನಡ ಬಿಟ್ಟರೇ? ಬಿಡಲಿಲ್ಲ! 'ದುಡ್ಡೇ ದೊಡ್ಡಪ್ಪ', 'ಎಮ್ಮೆ ತಮ್ಮಣ್ಣ', 'ಬೀದಿ ಬಸವಣ್ಣ', 'ಚಿನ್ನಾರಿ ಪುಟ್ಟಣ್ಣ'. ಒಂದರ ಹಿಂದೆ ಒಂದು! ನಗಿಸಿದರು, ಅಳಿಸಿದರು!

1970ರಲ್ಲಿ ಮತ್ತೆ ಚರಿತ್ರೆಗೆ ಕೈ ಹಾಕಿದರು. 'ಶ್ರೀ ಕೃಷ್ಣದೇವರಾಯ'! ಬಣ್ಣದಲ್ಲಿ! ರಾಜಕುಮಾರ್ ರಾಯರು. ಮಹಾಮಂತ್ರಿ ತಿಮ್ಮರಸು ಯಾರು? ಆ ಗಂಭೀರ, ಮುದಿ ಹುಲಿಯಂಥ ಮಂತ್ರಿ? ಸ್ವತಃ ಪಂತುಲು! ಕ್ಯಾಮೆರಾದ ಹಿಂದೆ ನಿಂತು ಸಾಮ್ರಾಜ್ಯ ಕಟ್ಟಿದರು, ಮುಂದೆ ಬಂದು ಅದನ್ನು ಕಾಪಾಡಿದರು!

1973ರ ನವೆಂಬರ್ 1ರಂದು ನಮ್ಮ ರಾಜ್ಯಕ್ಕೆ ಕರ್ನಾಟಕ ಎಂಬ ಹೆಸರು ಬಂತು. ಆ ಹೆಸರನ್ನು ಪಂತುಲು ಕಣ್ಣಾರೆ ಕಂಡರು. ಮರುವರ್ಷ, 1974ರ ಅಕ್ಟೋಬರ್ 8ರಂದು, ಬೆಂಗಳೂರಿನಲ್ಲಿ ತೀರಿಕೊಂಡರು.

ಕೈಯಲ್ಲಿ ಇನ್ನೊಂದು ಚಿತ್ರವಿತ್ತು. 'ಮದುರೈಯೈ ಮೀಟ್ಟ ಸುಂದರಪಾಂಡಿಯನ್'. ಮತ್ತೆ ರಾಜರ ಕಥೆ, ಮತ್ತೆ ಎಂ.ಜಿ.ಆರ್. ನಾಯಕ. ನಿರ್ದೇಶಕರೇ ಇಲ್ಲ! ಇನ್ನು ಮುಗಿಸುವವರು ಯಾರು?

ಎಂ.ಜಿ.ಆರ್. ತಾವೇ ನಿರ್ದೇಶಕರ ಜಾಗಕ್ಕೆ ಬಂದು ನಿಂತರು! ಚಿತ್ರ ಮುಗಿಸಿದರು! 1978ರ ಜನವರಿಯಲ್ಲಿ ಅದು ತೆರೆಗೆ ಬಂದಾಗ ಅವರು ತಮಿಳುನಾಡಿನ ಮುಖ್ಯಮಂತ್ರಿ! ನಾಯಕ ನಟನಾಗಿ ಎಂ.ಜಿ.ಆರ್. ತೆರೆಯ ಮೇಲೆ ಬಂದ ಕೊನೆಯ ಚಿತ್ರವೂ ಅದೇ!

ಮುಗಿಯಿತು ಅಂದುಕೊಂಡಿರಾ? ಇಲ್ಲ! ದೊಡ್ಡದನ್ನು ಕೊನೆಗೆಂದು ಉಳಿಸಿಕೊಂಡಿದ್ದೇನೆ!

ಪಂತುಲು ಅವರಿಗೆ ಒಬ್ಬ ಮಗಳಿದ್ದರು. ಬಿ.ಆರ್. ವಿಜಯಲಕ್ಷ್ಮಿ. ಚಿತ್ರರಂಗದವರ ಮಗಳು ಏನಾಗಬಹುದು? ನಾಯಕಿ ಅಂದಿರಾ? ಗಾಯಕಿ?

ಕ್ಯಾಮೆರಾ ಹೆಗಲಿಗೇರಿಸಿದರು! 1985ರಲ್ಲಿ 'ಚಿನ್ನ ವೀಡು' ಎಂಬ ತಮಿಳು ಚಿತ್ರಕ್ಕೆ ಸ್ವತಂತ್ರ ಛಾಯಾಗ್ರಾಹಕಿಯಾದರು! ಇಡೀ ಏಷ್ಯಾದಲ್ಲೇ ಮೊದಲ ಮಹಿಳಾ ಸಿನಿಮಾ ಛಾಯಾಗ್ರಾಹಕಿ ಎಂದು ಅವರನ್ನು ಕರೆಯುತ್ತಾರೆ! ಗಂಡಸರೇ ತುಂಬಿದ್ದ ಸೆಟ್ಟಿನಲ್ಲಿ, ಬೆಳಕು ಎಷ್ಟು ಬೇಕು, ಲೆನ್ಸ್ ಯಾವುದು ಬೇಕು ಎಂದು ಆಜ್ಞೆ ಮಾಡಿದ ಹೆಣ್ಣುಮಗಳು! 1995ರಲ್ಲಿ 'ಪಾಟ್ಟು ಪಾಡವಾ' ಚಿತ್ರಕ್ಕೆ ನಿರ್ದೇಶಕಿಯೂ ಆದರು!

ಕತ್ತಿ ಹಿಡಿದ ಹೆಣ್ಣನ್ನು ತೆರೆಗೆ ತಂದರು ಅಪ್ಪ. ಕ್ಯಾಮೆರಾ ಹಿಡಿದ ಹೆಣ್ಣಾಗಿ ನಿಂತರು ಮಗಳು!

ಈಗ ಹೇಳಿ. ಇಂಥ ಮನುಷ್ಯನ ಹೆಸರು ನಮ್ಮ ನಾಲ್ಕು ತಾಲ್ಲೂಕುಗಳಲ್ಲಿ ಮನೆಮಾತಾಗಬೇಕೋ ಬೇಡವೋ?

ನನ್ನದೊಂದು ಆಸೆ ಇದೆ. ಪ್ರತಿ ವರ್ಷ ಅಕ್ಟೋಬರ್ 23 ಬಂದರೆ ಕಿತ್ತೂರು ಉತ್ಸವ. ಮೆರವಣಿಗೆ, ಕುಸ್ತಿ, ಹಾಡು, ಭಾಷಣ ಎಲ್ಲ ಇರುತ್ತದೆ. ಅದರ ಜೊತೆ ಮೂರು ರಾತ್ರಿ ಕೋಟೆಯ ಮುಂದೆ ದೊಡ್ಡ ಪರದೆ ಕಟ್ಟಬೇಕು! ಮೊದಲ ರಾತ್ರಿ ಕಟ್ಟಬೊಮ್ಮನ್. ಎರಡನೇ ರಾತ್ರಿ ಚಿದಂಬರಂ ಪಿಳ್ಳೆ. ಮೂರನೇ ರಾತ್ರಿ ನಮ್ಮ ರಾಣಿ! ಅಮಟೂರಿನಿಂದ, ಸಂಗೊಳ್ಳಿಯಿಂದ, ಬೆಳವಡಿಯಿಂದ, ಎಲ್ಲಮ್ಮನ ಗುಡ್ಡದ ಕಡೆಯಿಂದ, ರಾಮದುರ್ಗದಿಂದ ಬಂಡಿ, ಟ್ರ್ಯಾಕ್ಟರು, ಬಸ್ಸು ಕಟ್ಟಿಕೊಂಡು ಜನ ಬರಬೇಕು!

ರಾಣಿ ಬಂದಾಗ ಶಿಳ್ಳೆ ಹಾಕುವುದು ಇದ್ದದ್ದೇ. ರಾಜಕುಮಾರ್ ಬಂದಾಗ ಚಪ್ಪಾಳೆ ಹೊಡೆಯುವುದೂ ಇದ್ದದ್ದೇ. ಈ ಸಲ 'ನಿರ್ದೇಶನ: ಬಿ.ಆರ್. ಪಂತುಲು' ಎಂಬ ಅಕ್ಷರ ಮೂಡಿದಾಗಲೂ ಹೊಡೆಯೋಣ. ಕೋಟೆಯ ಗೋಡೆ ಮಾರ್ದನಿ ಕೊಡುವಷ್ಟು ಜೋರಾಗಿ ಹೊಡೆಯೋಣ! ಏನಂತೀರಿ? ತಯಾರಿದ್ದೀರಾ?